ಖಾರದ ಗಿರಣಿಗೆ ಬಿದ್ದ ಸೀಲು

ವೈನಿ ಫೋನ್ ಮಾಡಿದಾಗ ನನ್ನ ಬಾಯಾಗ ಬಟ್ಟಿಗೆ ಚುಚ್ಚೋ ಟಾಚಣಿ ಇದ್ವು. ನವನಗರದಾಗ ನಂದೊಂದು ಸಣ್ಣ ಟೇಲರಿಂಗ್ ಅಂಗಡಿ ಐತಿ. ಎದುರಿಗೆ ಒಬ್ಬಾಕಿ ಜಂಪರ್ ಅಳತಿ ಕೊಡಾಕ ಕೈ ಎತ್ತಿ ನಿಂತಿದ್ಲು. ವೈನಿ ಅಂದ್ರ ನಮ್ಮಣ್ಣನ ಹೆಂಡ್ತಿ. ಆಕಿ ಫೋನ್ ಹಚ್ಚಿದ್ರ ಚಾ ಆತೇನು, ಊಟಾ ಆತೇನು, ಅಲ್ಲೆ ಬಿಸಲು ಹೆಂಗೈತಿ ಅಂತ ಎಲ್ಲಾ ಕೇಳಿ, ಆಮ್ಯಾಲೆ ಸುದ್ದಿಗೆ ಬರಾಕಿ. ಅವತ್ತು ಏನೂ ಕೇಳಲಿಲ್ಲ.

“ಗಿರಣಿಗೆ ಸೀಲ್ ಹಾಕಿ ಹೋದ್ರವ್ವ,” ಅಂದ್ಲು.

“ಯಾರು?”

“ಪಂಚಾಯ್ತಿಯವರು. ನನ್ನ ಒಂದ್ ಮಾತ ಕೇಳಲಿಲ್ಲ ನೋಡು. ಒಂದ ಒಂದು ಮಾತ.”

ಟಾಚಣಿ ಕೈಯಾಗ ಉಗುಳಿಕೊಂಡು, “ಯಾಕ ಹಾಕಿದ್ರು?” ಅಂತ ಕೇಳಿದ್ನಿ. ಅದು ನನಗ ಮೊದಲಿಂದ ಇರೋ ಚಟ. ಏನರ ಆತು ಅಂದ್ರ ಅಯ್ಯೋ ಅನ್ನೂಕಿಂತ ಮೊದಲು ಯಾಕ ಅಂತೇನಿ. ಸಾಲಿಗೆ ಹೋಗೂಮುಂದ ಇದಕ್ಕ ಹೊಡತಾ ತಿಂದೀನಿ, ನಮ್ಮಣ್ಣ ಇವತ್ತಿಗೂ ನನ್ನ ನೋಡಿದ ಕೂಡಲೆ “ಸಿಐಡಿ ಬಂತು” ಅಂತಾನ. ವೈನಿ ಅಳಾಕ ಹತ್ತಿದ್ಲು. ಕೈ ಎತ್ತಿ ನಿಂತಾಕಿಗೆ “ನಾಳೆ ಬಾರವಾ” ಅಂದು ಅಂಗಡಿ ಬಾಗಲಾ ಎಳಕೊಂಡ್ನಿ.

ಊರಿನ ಹೆಸರು ಹೇಳೂದಿಲ್ರಿ. ಅಲ್ಲಿ ಮಂದಿ ನನಗ ಇನ್ನೂ ಬೇಕಾದವರದಾರ. ಇಳಕಲ್ಲಿನ ಸಂತಿಗೆ, ಹುನಗುಂದದ ಕೋರ್ಟಿಗೆ ಹೋಗಿ ಹೊತ್ತು ಮುಳಗೂದರೊಳಗ ಮನಿಗೆ ಬರೋ ಅಷ್ಟು ಹತ್ತಿರದ ಒಂದು ಊರು, ಇಷ್ಟ ಸಾಕು. ಅಣ್ಣ ಇಳಕಲ್ಲಿಗೆ ಗ್ರಾನೈಟ್ ಪಾಲಿಶ್ ಕೆಲಸಕ್ಕ ಹೋಗ್ತಾನ. ಗಿರಣಿ ಪೂರಾ ವೈನಿದು. ಒಂದು ಬಾಜೂ ಜ್ವಾಳಾ ಗೋದಿ ಬೀಸೋ ಮಷೀನು, ಇನ್ನೊಂದು ಬಾಜೂ ಖಾರಾ ಕುಟ್ಟೋ ಮಷೀನು. ಹಿಟ್ಟಿನ ಮಷೀನು ದಿನಾ ಹೊಟ್ಟಿಗೆ ಹಾಕ್ತೈತಿ, ಖರೆ ಜೀವಾ ಇರೋದು ಖಾರದ್ದರಾಗ. ಬ್ಯಾಸಗಿ ಬಂತಂದ್ರ ಮರೋಳದಿಂದ, ಸುತ್ತ ಹಳ್ಳಿಯಿಂದ ಹೆಣಮಕ್ಕಳು ಮೆಣಸಿನಕಾಯಿ ಒಣಗಿಸಿ, ಮಸಾಲಿ ಹುರದು, ವರ್ಷದ ಖಾರ ಕುಟ್ಟಿಸ್ಕೊಂಡು ಹೋಗಾಕ ಬರ್ತಾರ. ಈ ಗಿರಾಕಿ ವಿಚಿತ್ರ. ಒಂದು ಬ್ಯಾಸಗಿ ಬ್ಯಾರೆ ಗಿರಣಿಗೆ ಹೋದ್ರು ಅಂದ್ರ ಮುಂದಿನ ವರ್ಷ ಕಾಲು ತಾನ ಆ ಕಡೆ ಹೊಳ್ಳತಾವು. ನಾಲಿಗಿ ಆ ಕೈಗೆ ಹೊಂದಿಬಿಡ್ತೈತಿ. ಅದಕ್ಕ ವೈನಿ ಅಷ್ಟ ಅತ್ತದ್ದು. ಈ ಬ್ಯಾಸಗಿ ಕಳಕೊಂಡ್ರ ಗಿರಣಿನ ಕಳಕೊಂಡಂಗ.

ನಾ ಹೋಗಿ ಮುಟ್ಟೂದರಾಗ ಮಧ್ಯಾಹ್ನ ಆಗಿತ್ತು. ಗಿರಣಿ ಬಾಗಲಾ ಹಳೇ ಕಟಗಿ ಬಾಗಲಾ. ಅದರ ಚಿಲಕಕ್ಕ ಹೊಸಾ ಕೀಲಿ, ಕೀಲಿಗೆ ಹಗ್ಗ, ಹಗ್ಗದ ಮ್ಯಾಲೆ ಕೆಂಪು ಅರಗು. ನಾ ಹತ್ರ ಹೋಗಿ ಬಗ್ಗಿ ನೋಡಿದ್ನಿ. ಖರೆ ಹೇಳ್ತೇನಿ, ಸೀಲು ಅನ್ನೋದನ್ನ ನಾ ಅಷ್ಟು ಹತ್ರದಿಂದ ಅವತ್ತ ನೋಡಿದ್ದು. ಅರಗಿನ ಮ್ಯಾಲೆ ಒತ್ತಿದ ಅಕ್ಷರ ಓದಾಕ ಬರ್ತಾವೇನು ಅಂತ ನೋಡ್ಲಿಕ್ಕತ್ತಿದ್ರ ಹಿಂದಿನಿಂದ ವೈನಿ, “ಮುಟ್ಟಬ್ಯಾಡ ಅದನ್ನ, ಮತ್ತೊಂದು ಕೇಸ್ ಹಾಕ್ಯಾರು!” ಅಂತ ಒದರಿದ್ಲು.

ಕಟ್ಟಿ ಮ್ಯಾಲೆ ಇಬ್ರು ಹೆಣಮಕ್ಕಳು ಕುಂತಿದ್ರು. ಅವರ ಮೆಣಸಿನಕಾಯಿ ಚೀಲ ಒಳಗ ಉಳದಿದ್ವು. “ನಮ್ಮ ಮೆಣಸಿನಕಾಯಿ ಏನ್ ತಪ್ಪು ಮಾಡ್ಯಾವ್ರಿ?” ಅಂತ ಒಬ್ಬಾಕಿ ಕೇಳಿದ್ಲು. ಅದೂ ಛಲೋ ಪ್ರಶ್ನೆನ ಅನ್ನಿಸಿತು ನನಗ.

ಒಳಗ ಹೋಗಿ ನೀರು ಕುಡದ ಮ್ಯಾಲೆ ವೈನಿ ಎಲ್ಲಾ ಹೇಳಿದ್ಲು. ಗಿರಣಿ ಬಾಜೂಕ ಒಂದು ಹಲ್ಲಿನ ದವಾಖಾನಿ ಆಗೇತಿ. ಆ ಮನಿಗೆ ಬಾದಾಮಿಯಿಂದ ಸೊಸಿ ಬಂದಾಳ, ಆಕಿನ ಡಾಕ್ಟರ್. ಮುಂದಿನ ಖೋಲಿಯೊಳಗ ಖುರ್ಚಿ, ಲೈಟು ಎಲ್ಲಾ ಹಾಕಿಸಿಕೊಂಡು ಕುಂತಾಳ. ಗಿರಣಿಯಿಂದ ಖಾರದ ಘಾಟು ಬರ್ತೈತಿ, ಪೇಶಂಟ್‌ಗಳಿಗೆ ತ್ರಾಸ ಆಗ್ತೈತಿ ಅಂತ ಪಂಚಾಯ್ತಿಗೆ ಅರ್ಜಿ ಕೊಟ್ಟಾಳಂತ. ಪಂಚಾಯ್ತಿಯವರು ಲೈಸೆನ್ಸ್ ರದ್ದು ಮಾಡಿ ಸೀಲ್ ಹಾಕಿದ್ರು.

ನನಗ ನಗು ತಡಿಯಾಕ ಆಗಲಿಲ್ಲ. ಬಾಯಿ ತಕ್ಕೊಂಡು ಮಕ್ಕೊಂಡಾವರಿಗೆ ಬಾಜೂಕ ಖಾರ ಕುಟ್ಟಿದ್ರ ಏನಾಗಬೇಕ್ರಿ!

“ನಗತೀಯಲ್ಲ,” ಅಂದ್ಲು ವೈನಿ. “ದಿನಾ ಮುಖಾ ನೋಡ್ತೇವಿ. ಕಾಕು, ಕಾಕು ಅಂತ ಚಿಕ್ಕವ್ವನ ಹಂಗ ಕರೀತಾಳ. ಒಂದು ದಿನಾ ಬಂದು, ‘ಕಾಕು, ಖಾರ ಭಾಳ ಬರಾಕತ್ತೇತಿ’ ಅಂದಿದ್ರ ನಾ ಏನ್ ಆಕಿನ್ನ ನುಂಗ್ತಿದ್ನೇನು? ಹೋಗ್ಲಿ, ಆಕಿ ಸಣ್ಣಾಕಿ. ಪಂಚಾಯ್ತಿಯವರಿಗೆ ಏನಾಗಿತ್ತು? ‘ಏನವಾ, ಇವರು ಹಿಂಗ ಅಂತಾರ, ನೀ ಏನಂತಿ?’ ಅಂತ ಕೇಳಬೇಕಿಲ್ಲೇನು?”

ನನ್ನ ಅಂಗಡಿಗೂ ಅಂಥಾದ್ದ ಒಂದು ಲೈಸೆನ್ಸ್ ಐತಿ. ವರ್ಷಾ ವರ್ಷಾ ಹೊಸಾದು ಮಾಡಿಸಿ ದೇವರ ಫೋಟೋದ ಬಾಜೂಕ ತೂಗ ಹಾಕ್ತೇನಿ. ಅದನ್ನ ಕಸಗೋಬೇಕಂದ್ರ ಏನೇನ್ ಮಾಡಬೇಕಾಗ್ತೈತಿ ಅಂತ ಒಂದು ದಿನಾನೂ ವಿಚಾರ ಮಾಡಿದ್ದಿಲ್ಲ. ಈಗ ತಲ್ಯಾಗ ಹುಳಾ ಬಿಟ್ಟಂಗ ಆತು. “ನಡಿ, ಕೇಳೂಣು,” ಅಂದ್ನಿ.

ಪಟ್ಟಣ ಪಂಚಾಯ್ತಿ ಆಫೀಸಿನ ಕ್ಲಾರ್ಕ ಮರ್ಯಾದಿ ಮನಷ್ಯಾ. ಖುರ್ಚಿ ಹಾಕಿಸಿದ. “ಕೇಳಿಲ್ಲ ಅಂತ ಅನಬ್ಯಾಡ್ರಿ ಅಕ್ಕಾರ. ನೋಟಿಸ್ ಕೊಟ್ಟೇವಿ. ಬಂದು ಹೇಳಿಕಿ ಕೊಡ್ರಿ ಅಂತ ತಾರೀಖು ಹಾಕಿದ್ವಿ. ನೀವ ಬರಲಿಲ್ಲ,” ಅಂದ.

“ಯಾವ ನೋಟಿಸು? ನನ್ನ ಕೈಗೆ ಯಾರೂ ಏನೂ ಕೊಟ್ಟಿಲ್ಲ,” ಅಂದ್ಲು ವೈನಿ.

ಅಂವ ಮೊಬೈಲ್ ತಗದು ಫೋಟೋ ತೋರಿಸಿದ. ನಮ್ಮ ಗಿರಣಿ ಬಾಗಲಾನ. ಮುಚ್ಚಿದ ಬಾಗಲದ ಮ್ಯಾಲೆ ಒಂದು ಬಿಳಿ ಕಾಗದಾ ಅಂಟಿಸ್ಯಾರ, ಅದರ ಬಾಜೂಕ ಪಂಚಾಯ್ತಿ ಸಿಪಾಯಿ ನಿಂತಾನ. ಕೆಳಗ ತಾರೀಖು ಬಿದ್ದೈತಿ. ಆ ಸಿಪಾಯಿ ಊರಿನಾಂವನ, ವೈನಿ ಓಣಿಯಿಂದ ಎರಡು ಓಣಿ ಆಚೆ ಮನಿ. ಫೋಟೋದಾಗ ಮಾರಿ ಯಾಕೋ ಸಪ್ಪಗ ಮಾಡಿಕೊಂಡು ನಿಂತಿದ್ದ.

ನಾ ಕ್ಲಾರ್ಕನ ಹಿಂದ ಗ್ವಾಡಿಗೆ ತೂಗ ಬಿಟ್ಟಿದ್ದ ಕ್ಯಾಲೆಂಡರ್ ನೋಡಿದ್ನಿ. ಆ ತಾರೀಖಿನ ಮನಿಯೊಳಗ ಕರಿ ಚುಕ್ಕಿ ಇತ್ತು. ಅಮಾಸಿ. ಅಮಾಸಿಗೆ ನಮ್ಮ ಕಡೆ ಯಾವ ಗಿರಣಿನೂ ನಡಿಯೂದಿಲ್ಲ. ಮಷೀನಿಗೆ ವಿಶ್ರಾಂತಿ, ಪೂಜಾ. ಇದು ಸಣ್ಣ ಹುಡುಗರಿಗೂ ಗೊತ್ತಿರೋ ಮಾತು.

“ಅಮಾಸಿ ದಿನಾ ಅಂಟಿಸೀರಿ?” ಅಂದ್ನಿ.

“ಕಾನೂನಿನೊಳಗ ಅಮಾಸಿ ಹುಣ್ಣಿವಿ ಇಲ್ಲರಿ ಅಕ್ಕಾರ.”

ಜಗಳಾ ತಗೀಬೇಕಂತ ವೈನಿ ಕಡೆ ನೋಡಿದ್ನಿ. ಆಕಿ ಫೋಟೋನ ನೋಡ್ಕೋತ ನಿಂತಿದ್ಲು. ನನ್ನ ಮೊಣಕೈ ಹಿಡದು ಹೊರಗ ಎಳಕೊಂಡು ಬಂದ್ಲು. ಬೇವಿನ ಗಿಡದ ಕೆಳಗ ನಿಂತು, “ಹೇಳಬ್ಯಾಡ ಯಾರ ಮುಂದೂ. ಆ ಕಾಗದಾ ನಾನ ತೊಳದೀನಿ,” ಅಂದ್ಲು.

ಆತಲ್ಲ! ಪ್ರತಿ ಅಮಾಸಿಗೆ ಆಕಿ ಮಷೀನು ಒರಸ್ತಾಳ, ಬಾಗಲಾ ತೊಳೀತಾಳ, ಇಭೂತಿ ಎಳೀತಾಳ, ಕುಂಕುಮ ಹಚ್ಚಿ ಕಾಯಿ ಒಡೀತಾಳ. ಓಣಿಯೊಳಗ ಅಗಲ ಬಾಗಲಾ ಅಂದ್ರ ಅದೊಂದ. ಮೂಲವ್ಯಾಧಿ ಔಷಧ, ಟ್ಯೂಶನ್ನು, ಎಲೆಕ್ಷನ್ನು, ಎಲ್ಲಾ ಕಾಗದಾ ಅದಕ್ಕ ಬಂದು ಅಂಟಿಸಿ ಹೋಗ್ತಾರ. ತಿಂಗಳಿಗೊಮ್ಮೆ ನೀರು ಹಾಕಿ ತೆಂಗಿನ ನಾರಿಲೆ ಗಸಗಸ ತಿಕ್ಕಿ ಕಿತ್ತು ಒಗಿಯೂದು ಆಕಿ ಪದ್ಧತಿ. ಅವತ್ತೂ ಹಂಗ ಒಗದಾಳ. ಕಾಗದದ ಮ್ಯಾಲೆ ಏನೈತಿ ಅಂತ ಓದಾಕ ಹೋಗಿಲ್ಲ. ತನ್ನ ಗಿರಣಿ ಬಂದ್ ಮಾಡೋ ನೋಟಿಸನ್ನ ತಾನ ತಿಕ್ಕಿ ತೊಳದು, ಆ ಜಾಗಾದಾಗ ಕುಂಕುಮ ಹಚ್ಚಿ ಕೈ ಮುಗದಾಳ! ನನಗ ನಗಬೇಕೋ ಅಳಬೇಕೋ ತಿಳೀಲಿಲ್ಲ.

ಮರುದಿನಾ ಇಬ್ರೂ ಹುನಗುಂದಕ್ಕ ಹೋದ್ವಿ. ಅಲ್ಲೆ ನಮ್ಮಪ್ಪನ ಸಂಗಾತಿ ಒಬ್ಬರು ವಕೀಲರದಾರ. ಸಣ್ಣವರಿದ್ದಾಗಿಂದ ನಾವು ಅವರಿಗೆ ಚಾಚಾ ಅಂತೇವಿ. ರಂಜಾನಕ್ಕ ಅವರ ಮನಿ ಸುರಕುಂಬಾ ಪಾಯಸಾ ನಮ್ಮ ಮನಿಗೆ, ದೀಪಾವಳಿಗೆ ನಮ್ಮ ಮನಿ ಕರ್ಚಿಕಾಯಿ ಅವರ ಮನಿಗೆ. ವಯಸ್ಸಾಗೇತಿ, ಆದ್ರೂ ಕರಿ ಕೋಟು ಬಿಟ್ಟಿಲ್ಲ. ವೈನಿ ತೊಳದದ್ದನ್ನೂ ಸೇರಿಸಿ ಎಲ್ಲಾ ಹೇಳಿದ್ಲು. ಚಾಚಾ ಹೊಟ್ಟಿ ಹಿಡಕೊಂಡು ನಕ್ಕರು. ಆಮ್ಯಾಲೆ ಕನ್ನಡಕ ಒರಸಿಕೊಂಡು, “ಸೀಲು ಬಿಚ್ಚಸ್ತೇನಿ. ಇದು ಕಠಿಣ ಇಲ್ಲ,” ಅಂದ್ರು.

“ಹೆಂಗ?” ಅಂದ್ನಿ.

“ಕಾಗದಾ ಬಾಗಲಿಗೆ ಅಂಟಿಸೋದು ಕಡೀ ದಾರಿ ಬೇಟಿ. ಮೊದಲು ಮನಷ್ಯಾನ ಕೈಗೆ ಕೊಡಬೇಕು. ಮನಷ್ಯಾ ಸಿಗಲಿಲ್ಲಂದ್ರ, ತಪ್ಪಿಸಿಕೊಂಡು ತಿರಗ್ತಾನಂದ್ರ ಅಂಟಿಸಬೇಕು. ನಿಮ್ಮ ವೈನಿ ದಿನಾ ಮುಂಜಾನಿಂದ ಸಂಜಿತನಾ ಆ ಬಾಗಲದಾಗ ನಿಂತಿರ್ತಾಳ. ಸಿಗದಾಕಿ ಹೆಂಗಾದಳು?”

“ಅಲ್ಲ ಚಾಚಾ, ಅವರು ಮೊದಲ ಬಂದ್ ಮಾಡಬೇಕಂತ ಠರಾಯಿಸಿದ್ರ, ಆಮ್ಯಾಲೆ ಕೇಳಿದ್ರೇನು, ಬಿಟ್ರೇನು? ಸುಮ್ನ ಕೇಳಿದಂಗ ಮಾಡ್ತಾರ.”

ಚಾಚಾ ಕನ್ನಡಕ ಮತ್ತ ಏರಿಸಿಕೊಂಡ್ರು. “ಅದು ಕೇಳಿದ್ದಲ್ಲ. ನಿನ್ನ ಮಾತು ಕೇಳಿ ತನ್ನ ಮನಸ್ಸು ಬದಲಾದ್ರೂ ಆಗಬಹುದು ಅಂತ ಗೊತ್ತಿದ್ದು ಕುಂತು ಕೇಳ್ತಾನಲ್ಲ, ಅಂವ ಕೇಳಿದಾಂವ. ಅಂಥಾ ಸಾಹೇಬ್ರು ಒಮ್ಮೆ ಸಿಗತಾರ, ಒಮ್ಮೆ ಸಿಗೂದಿಲ್ಲ. ಸಿಗಲಿಲ್ಲಂದ್ರ ಮ್ಯಾಲೆ ನಿಮ್ಮ ನವನಗರದಾಗ ಡಿಸಿ ಆಫೀಸ್ ಐತಿ.”

ಆಮ್ಯಾಲೆ ವೈನಿಗೆ ಬುದ್ಧಿ ಹೇಳಿದ್ರು. ಪಂಚಾಯ್ತಿಗೆ ಅರ್ಜಿ ಹಾಕೂಣು, ಅದರ ವಿಚಾರಣಿಯೊಳಗ ಖಾರದ ಸುದ್ದಿನ ತಗೀಬಾರದು. ತೊಳದ ಸುದ್ದಿ ಅಂತೂ ಬಾಯಾಗ ಬರಬಾರದು. ನೋಟಿಸ್ ನನ್ನ ಕೈಗೆ ಬಂದಿಲ್ಲ, ಇಷ್ಟ. ಅದು ಸುಳ್ಳಲ್ಲ. ಸೀಲು ಬಿಚ್ಚತಾರ. ಅವರು ಮತ್ತ ಹೊಸಾ ನೋಟಿಸ್ ಬರದು, ಕೊಟ್ಟು, ತಾರೀಖು ಹಾಕೂದರಾಗ ಖಾರದ ಸುಗ್ಗಿ ಮುಗದಿರ್ತೈತಿ. “ಈ ಬ್ಯಾಸಗಿ ನಿಂದು,” ಅಂದ್ರು ಚಾಚಾ.

ನನಗ ಭಾಳ ಖುಷಿ ಆತು. ವೈನಿ ಮಾತ್ರ ಬಸ್ಸಿನ್ಯಾಗ ಕಿಡಕಿ ಕಡೆ ಮಾರಿ ಮಾಡಿ ಕುಂತಿದ್ಲು. “ಏನಾತು ಮತ್ತ?” ಅಂದ್ರ, “ಖಾರದ ಸುದ್ದಿ ತಗೀಬಾರದು ಅಂದ್ರ ನಾ ಅಲ್ಲೆ ಹೋಗಿ ಏನ್ ಹೇಳ್ಲಿ?” ಅಂದ್ಲು.

ಚಾಚಾ ಅರ್ಜಿ ಹಾಕಿದ್ರು, ತಾರೀಖು ಬಂತು. ಅಲ್ಲಿತನಾ ನಾ ಊರಾಗ ಉಳದ್ನಿ. ಗಿರಾಕಿ ಬಂದು ಬಂದು ಬಾಗಲಾ ನೋಡಿ ಹೋಗಾಕ ಹತ್ತಿದ್ರು. ಎರಡು ಮನಿ ಮಂದಿ ಇಳಕಲ್ಲಿಗೆ ಹೋಗಿ ಕುಟ್ಟಿಸಿಕೊಂಡು ಬಂದ್ರು ಅಂತ ಸುದ್ದಿ ಬಂತು, ವೈನಿ ಅವತ್ತು ಊಟಾ ಮಾಡಲಿಲ್ಲ. ಅಡಗಿ ಮಾಡೂಮುಂದ, ಭಾಂಡಿ ತಿಕ್ಕೂಮುಂದ ಆಕಿ ಸಾಹೇಬ್ರ ಮುಂದ ಹೇಳೋ ಮಾತು ಒಬ್ಬಾಕಿನ ಹೇಳ್ಕೋತಿದ್ಲು. “ಗಿರಣಿ ಮೊದಲೋ, ದವಾಖಾನಿ ಮೊದಲೋ? ಹೇಳ್ರಿ ನೀವು. ಖಾರ ತಿನ್ನದ ಮನಿ ಯಾವದೈತ್ರಿ ಊರಾಗ?” ರೊಟ್ಟಿ ಬಡಿಯೋ ಸಪ್ಪಳದಾಗ ಆ ಮಾತು ಭಾರೀ ಜೋರು ಕೇಳ್ತಿತ್ತು.

ನನ್ನ ತಲ್ಯಾಗ ಮಾತ್ರ ಬ್ಯಾರೆ ಹುಳಾ ಕೊರೀತಿತ್ತು. ಆ ಸಿಪಾಯಿ ಊರಾಂವ. ಅಮಾಸಿಗೆ ಗಿರಣಿ ಬಂದ್ ಇರ್ತೈತಿ ಅಂತ ಗೊತ್ತಿರಾಂವ. ಬ್ಯಾರೆ ಯಾವ ದಿನಾ ಬಂದಿದ್ರೂ ವೈನಿ ಎದುರಿಗೆ ಸಿಗತಿದ್ಲು. ಅದ ದಿನಾ ಯಾಕ ಬಂದ? ಯಾರರ ಕಲಿಸಿ ಕೊಟ್ಟಿದ್ರೇನು? ಡಾಕ್ಟರ್ ಮನಿಯವರು ಏನರ ಕೈಬಿಸಿ ಮಾಡಿದ್ರೇನು? ನಾ ಅಂವನ್ನ ಹಾದ್ಯಾಗ ಎರಡು ಸಲ ನೋಡಿದ್ನಿ. ಎರಡೂ ಸಲ ನನ್ನ ಕಂಡ ಕೂಡಲೆ ಸೈಕಲ್ ಹೊಳ್ಳಿಸಿಕೊಂಡು ಹೋದ. ಸಂಶೇ ಗಟ್ಟಿ ಆತು.

ವಿಚಾರಣಿ ದಿನಾ ಪಂಚಾಯ್ತಿ ಮುಖ್ಯಾಧಿಕಾರಿ ಖೋಲಿಯೊಳಗ ಹೋದ್ವಿ. ನಾ ಕೋರ್ಟಿನಂಗ ಕಟಾಂಜನ ಗಿಟಾಂಜನ ಇರ್ತೈತಿ ಅಂತ ತಿಳದಿದ್ನಿ. ಏನಿಲ್ಲ, ಒಂದು ಟೇಬಲ್, ನಾಕು ಖುರ್ಚಿ, ಕಿರಗುಡೋ ಫ್ಯಾನು. ಮುಖ್ಯಾಧಿಕಾರಿ ಹೊಸದಾಗಿ ಬಂದಾವರು, ಮೈಸೂರು ಕಡೆಯವರು. ಅವರ ಮಾತು ಪುಸ್ತಕಾ ಓದಿದಂಗ. ಡಾಕ್ಟರ್ ಹುಡುಗಿ ಒಂದು ಮೂಲ್ಯಾಗ ಸೆರಗು ಮುದ್ದಿ ಮಾಡಿಕೋತ ಕುಂತಿತ್ತು. ವೈನಿ ಆಕಿ ಕಡೆ ನೋಡಲಿಲ್ಲ. ಸಿಪಾಯಿ ಬಾಗಲಕ್ಕ ಆತು ನಿಂತಿದ್ದ.

ಚಾಚಾ ಎದ್ದು ತಮ್ಮ ಮಾತು ಹೇಳಿದ್ರು. ಕೈಗೆ ಕೊಡೂದು ಬಿಟ್ಟು ಬಾಗಲಿಗೆ ಅಂಟಿಸಿದ್ದು ತಪ್ಪು, ಆಕಿನ್ನ ಕೇಳದ ಮಾಡಿದ ಆದೇಶ ನಿಲ್ಲೂದಿಲ್ಲ. ಮುಖ್ಯಾಧಿಕಾರಿ ಗಮನ ಇಟ್ಟು ಕೇಳಿದ್ರು. ಆಮ್ಯಾಲೆ, “ಅಂಟಿಸಿದ ಮೇಲೆ ಇವರು ನೋಡಬಹುದಿತ್ತಲ್ಲ ವಕೀಲರೇ? ಬಾಗಿಲು ಇವರದೇ,” ಅಂದ್ರು.

“ನೋಡೀನ್ರಿ,” ಅಂದ್ಲು ವೈನಿ.

ಚಾಚಾ ಕಣ್ಣು ಮುಚ್ಚಿದ್ರು.

“ನೋಡೀನಿ, ಓದಿಲ್ಲ. ತಿಕ್ಕಿ ತೊಳದೀನಿ. ಅಮಾಸಿ ಇತ್ರಿ. ಬಾಗಲಾ ತೊಳೀಲಾರದ ಪೂಜಾ ಹೆಂಗ್ ಮಾಡಬೇಕು? ದಿನಾ ಒಂದು ಕಾಗದಾ ಅಂಟಿಸಿ ಹೋಗ್ತಾರ, ಇದೂ ಅಂಥಾದ್ದ ಅಂತ ತಿಳದ್ನಿ. ಸುಳ್ಳು ಯಾಕ್ ಹೇಳ್ಲಿ.”

ಇನ್ನ ಎಲ್ಲಾ ಮುಗೀತು ಅಂತ ನನಗ ಸಿಟ್ಟು ಬಂತು. ಆ ಸಿಟ್ಟಿನ್ಯಾಗ, ನನ್ನ ಯಾರೂ ಕೇಳದಿದ್ರೂ, ಕುಂತಲ್ಲೆ ಬಾಯಿ ಬಿಟ್ನಿ. “ಸಾಹೇಬ್ರ, ಅಮಾಸಿ ದಿನಾನ ಯಾಕ ಅಂಟಿಸಿದ್ರು ಅಂತ ಒಂದಿಷ್ಟು ಕೇಳ್ರಲಾ ಈ ಮನಷ್ಯಾಗ. ಗಿರಣಿ ಬಂದ್ ಇರ್ತೈತಿ ಅಂತ ಊರಿಗೆಲ್ಲಾ ಗೊತ್ತು.”

ಮುಖ್ಯಾಧಿಕಾರಿ ಸಿಪಾಯಿ ಕಡೆ ಹೊಳ್ಳಿದ್ರು. “ಯಾಕಪ್ಪ?”

ಅಂವ ಟೊಪ್ಪಿಗಿ ತಗದು ಕೈಯಾಗ ಹಿಡಕೊಂಡ. ನೆಲಾ ನೋಡಿದ. ಆಮ್ಯಾಲೆ ಅಂದದ್ದು ನನಗ ಇವತ್ತಿಗೂ ಕಿವ್ಯಾಗ ಐತಿ.

“ಗೊತ್ತಿದ್ದ ಹೋಗೀನ್ರಿ. ಅದಕ್ಕಿಂತ ಮೊದಲು ಎರಡು ಸಲ ನೋಟಿಸ್ ತಗೊಂಡು ಗಿರಣಿತನಾ ಹೋಗಿದ್ನಿ. ವೈನ್ಯಾರು ಒಳಗ ಇದ್ರು. ‘ಬಾರಪಾ, ನೀರು ಕುಡಿ’ ಅಂದ್ರು. ನಮ್ಮ ಮನಿ ಖಾರ ವರ್ಷಾ ಇವರ ಕೈಯಾಗಿಂದನ ಬರ್ತೈತ್ರಿ. ನಮ್ಮವ್ವ ಜಡ್ಡಿಗೆ ಬಿದ್ದಾಗ ಇವರ ಹಿಟ್ಟು ಬೀಸಿ ಮನಿಗೆ ಕಳಿಸಿಕೊಟ್ಟಾರ. ನಿಮ್ಮ ಗಿರಣಿ ಬಂದ್ ಮಾಡ್ತೇವಿ ಅನ್ನೋ ಕಾಗದಾ ಹೆಂಗ್ರಿ ಕೈಯಾಗ ಕೊಡ್ಲಿ? ನೀರು ಕುಡದು ಹಂಗ ಹೊಳ್ಳಿ ಬಂದ್ನಿ. ಸಾಹೇಬ್ರು ಬೈದ್ರು. ಮುಲಾಜು ಹೆಚ್ಚಾತ್ರಿ. ಬಾಗಲಾ ಹಾಕಿದ ದಿನಾ ನೋಡಿ ಅಂಟಿಸಿ ಬಂದ್ನಿ.”

ನಾ ಕಟ್ಟಿದ್ದ ಸಂಶೇದ ಮನಿ ಒಂದ ಮಾತಿಗೆ ಬಿತ್ತು. ಯಾರೂ ಕಲಿಸಿಲ್ಲ, ಯಾರೂ ಕೈಬಿಸಿ ಮಾಡಿಲ್ಲ. ನಮ್ಮ ಕಡೆ ಮಂದಿಗೆ ಇದೊಂದು ಬ್ಯಾನಿ ಐತಿ ನೋಡ್ರಿ, ಮುಲಾಜು. ಎದುರಿಗೆ ನಿಂತು ಕೆಟ್ಟ ಮಾತು ಹೇಳಾಕ ಬಾಯಿ ಬರೂದಿಲ್ಲ. ಮನಸ್ಸು ನೋಯಿಸಬಾರದಂತ ಸುತ್ತ ಹಾಕಿ ಹಿಂದಿನ ಬಾಗಲಿಲೆ ಹೋಗ್ತೇವಿ, ಅಲ್ಲೆ ಇನ್ನೂ ದೊಡ್ಡ ಘಾಯ ಮಾಡಿ ಬರ್ತೇವಿ. ಪಾಪ, ಅಂವ ವೈನಿ ಮ್ಯಾಲಿನ ಪ್ರೀತಿಗೆ ಆಕಿ ಗಿರಣಿ ಮುಚ್ಚಿಸಿದ್ದ! ಕೈಯಾಗ ಕೊಡಬೇಕು ಅಂತ ಕಾನೂನು ಯಾಕ ಹಟಾ ಹಿಡೀತೈತಿ ಅಂತ ನನಗ ಆಗ ತಿಳೀತು. ಅದು ಮುಲಾಜಿಗೆ ಜಾಗಾ ಇಟ್ಟಿಲ್ಲ. ಹೋಗು, ಎದುರಿಗೆ ನಿಲ್ಲು, ಹೇಳು, ಆಕಿ ಮಾತು ಕೇಳು ಅಂತೈತಿ.

ಮುಖ್ಯಾಧಿಕಾರಿ ಪೆನ್ನು ಕೆಳಗ ಇಟ್ರು. “ಹಾಗಾದರೆ ಇವರಿಗೆ ನೋಟಿಸ್ ತಲುಪಿಲ್ಲ. ತಲುಪಬಾರದು ಅಂತಲೇ ಅಂಟಿಸಿದ ಹಾಗಾಯಿತು. ಇವರನ್ನು ಕೇಳದೆ ನಾನು ಮಾಡಿದ ಆದೇಶ ವಾಪಸ್ ತೆಗೆದುಕೊಳ್ಳುತ್ತೇನೆ. ಇವತ್ತೇ ಸೀಲ್ ಬಿಚ್ಚಲಿ. ದೂರಿನ ಬಗ್ಗೆ ಹೊಸದಾಗಿ ನೋಟಿಸ್ ಕೊಡುತ್ತೇವೆ,” ಅಂದ್ರು. ತಾನ ಮಾಡಿದ್ದು ತಪ್ಪಾತು ಅಂತ ಒಬ್ಬ ಸಾಹೇಬ್ರು ಬಾಯಿಬಿಟ್ಟು ಹೇಳಿದ್ದನ್ನ ನಾ ಅಲ್ಲಿತನಾ ಕೇಳಿದ್ದಿಲ್ಲ.

ಚಾಚಾ ಫೈಲ್ ಮುಚ್ಚಿ ಎದ್ರು. ನಾನೂ ಎದ್ನಿ. ವೈನಿ ಏಳಲಿಲ್ಲ.

“ಖಾರದ ಮಾತು?” ಅಂದ್ಲು.

“ಅದಕ್ಕೆ ಮತ್ತೆ ನೋಟಿಸ್ ಬರುತ್ತದೆ ಅಮ್ಮ.”

“ಮತ್ತ ಯಾಕ್ರಿ? ನಾ ಇಲ್ಲೆ ಅದೀನಿ, ಡಾಕ್ಟರೂ ಅದಾರ. ಈಗ ಕೇಳ್ರಿ.”

ಚಾಚಾ ಆಕಿ ಕಿವ್ಯಾಗ, “ಏಳವ್ವ, ಗೆದ್ದಾಗೇತಿ, ಬ್ಯಾಸಗಿ ನಿಂದು,” ಅಂದ್ರು. ನಾ ಆಕಿ ಸೆರಗು ಜಗ್ಗಿದ್ನಿ. ಆಕಿ ನಮ್ಮಿಬ್ಬರ ಕಡೆ ನೋಡಲೇ ಇಲ್ಲ. ‘ನೋಟಿಸ್ ಬ್ಯಾಡ, ಇವತ್ತ ಕೇಳ್ರಿ’ ಅಂತ ಬರದು ಕೊಡ್ರಿ ಅಂದ್ರು ಮುಖ್ಯಾಧಿಕಾರಿ. ವೈನಿ ಬರಸಿ ಸಹಿ ಮಾಡಿಬಿಟ್ಲು.

ಡಾಕ್ಟರ್ ಹುಡುಗಿ ಎದ್ದು ನಿಂತಿತು. ಒಬ್ಬ ಮುದುಕಿ ಹಲ್ಲು ಕೀಳಿಸಿಕೊಳ್ಳಾಕ ಬಂದಿದ್ಲಂತ. ಡಾಕ್ಟರ್ ಆಕಿ ಒಸಡಿಗೆ ಸೂಜಿ ಚುಚ್ಚ್ಯಾಳ, ಅಷ್ಟರಾಗ ಬಾಜೂಕ ಮಷೀನು ಚಾಲೂ ಆತು, ಘಾಟು ಬಂತು, ಮುದುಕಿ ಸೀನಿದ್ಲು, ಸೂಜಿ ಒಸಡು ಹರದು ಗಲ್ಲದೊಳಗ ಹೋತು. ರಕ್ತ ನಿಲ್ಲಿಸೂದರಾಗ ಸಾಕುಬೇಕಾತು. “ನಂಗ ಅವತ್ತು ರಾತ್ರಿ ನಿದ್ದಿ ಹತ್ತಲಿಲ್ರಿ,” ಅಂದ್ಲು. ಆಮ್ಯಾಲೆ ವೈನಿ ಕಡೆ ಹೊಳ್ಳಿ, “ನಿಮಗ ಬಂದು ಹೇಳಬೇಕಂತ ಹೊಚ್ಚಲತನಾ ಬಂದಿದ್ನಿ ಕಾಕು. ಹೊಸಾ ಸೊಸಿ, ದೊಡ್ಡವರಿಗೆ ಎದುರ ಮಾತಾಡಿದ್ಲು ಅಂತೀರೇನೋ ಅಂತ ಅಂಜಿ ಹೊಳ್ಳಿ ಹೋದ್ನಿ. ಖಾರ ಬರದಂಗ ಏನರ ಮಾಡಸ್ರಿ ಅಂತ ಬರದು ಕೊಟ್ಟಿದ್ನಿ, ಗಿರಣಿ ಮುಚ್ಚಸ್ರಿ ಅಂತ ಬರದಿದ್ದಿಲ್ಲ. ದೇವರಾಣಿ,” ಅಂದ್ಲು. ಕಣ್ಣಾಗ ನೀರು ಬಂದಿದ್ವು.

“ಈಗ ನೀವು ಹೇಳಿ ಅಮ್ಮ. ನೀವೇನು ಹೇಳುತ್ತೀರಿ?” ಅಂದ್ರು ಮುಖ್ಯಾಧಿಕಾರಿ.

ಇದ ಪ್ರಶ್ನೆ. ಈ ಒಂದ ಪ್ರಶ್ನೆಗೆ ಆಕಿ ಊಟಾ ಬಿಟ್ಟಿದ್ಲು. ರೊಟ್ಟಿ ಬಡಕೋತ ಕಟ್ಟಿದ ಭಾಷಣ ಈಗ ಬರ್ತೈತಿ ಅಂತ ನಾ ಕಾಯ್ಕೋತ ಕುಂತ್ನಿ. ವೈನಿ ಟೇಬಲ್ ಮ್ಯಾಲಿನ ನೀರು ತಗೊಂಡು ಕುಡದ್ಲು. ಡಾಕ್ಟರ್ ಕಡೆ ಅವತ್ತು ಮೊದಲ ಸಲ ನೋಡಿದ್ಲು.

“ಆ ಮುದುಕಿ ಹೆಂಗದಾಳವ್ವ ಈಗ?”

“ಆರಾಮ ಅದಾರ ಕಾಕು. ನಮ್ಮ ಕಡೆ ಮತ್ತ ಬರಲಿಲ್ಲ.”

ವೈನಿ ಸೆರಗಿಲೆ ಬಾಯಿ ಒರಸಿಕೊಂಡ್ಲು. “ಆಕಿ ಹೇಳೂದು ಖರೆ ಐತ್ರಿ. ನಮಗ ರೂಢಿ ಬಿದ್ದೈತಿ, ಗೊತ್ತಾಗೂದಿಲ್ಲ. ಖಾರಾ ನಸಕಿನ್ಯಾಗ ಕುಟ್ಟತೇನಿ. ದವಾಖಾನಿ ತಗಿಯೂದರೊಳಗ ಮುಗಸ್ತೇನಿ. ಆಮ್ಯಾಲೆ ಬರೇ ಜ್ವಾಳಾ, ಗೋದಿ. ಘಾಟು ಮ್ಯಾಲೆ ಹೋಗೂ ಕೊಳವಿನೂ ಹಾಕಸ್ತೇನಿ. ಬರಕೋರಿ.”

ಹಳ್ಳಿ ಮಂದಿ ಬರೋ ಬಸ್ಸು ಊರಿಗೆ ಮುಟ್ಟೂದ ಹೊತ್ತೇರಿದ ಮ್ಯಾಲೆ. ನಸಕಿನ್ಯಾಗ ಮರೋಳದಿಂದ ಯಾರು ಬರ್ತಾರ? ಖಾರದ ಗಿರಾಕಿ ಅರ್ಧಕ್ಕರ್ಧ ಕೈ ಬಿಟ್ಟಂಗ. ಮುಖ್ಯಾಧಿಕಾರಿನೂ ಪೆನ್ನು ಎತ್ತಿಕೊಂಡವರು ತಡದು, “ವಿಚಾರ ಮಾಡಿ ಹೇಳುತ್ತಿದ್ದೀರಾ ಅಮ್ಮ? ಒತ್ತಾಯ ಇಲ್ಲ,” ಅಂದ್ರು. “ಮಾಡೇ ಹೇಳಾಕತ್ತೀನ್ರಿ,” ಅಂದ್ಲು.

ಹೊರಗ ಬಂದ ಕೂಡಲೆ ಮೆಟ್ಟಲಾ ಇಳಿಯೂದರೊಳಗ ನಾ ಹರಿಹಾಯ್ದ್ನಿ. “ಹುಚ್ಚೇನು ನಿನಗ? ಇದನ್ನ ಮಾಡೂದಿದ್ರ ಇಷ್ಟೆಲ್ಲಾ ಯಾಕ ಮಾಡಿದ್ವಿ? ಚಾಚಾ ಗೆದ್ದು ಕೊಟ್ಟಿದ್ರು, ನೀ ಕುಂತು ಕಳದಿ!” ಚಾಚಾ ನನ್ನ ಹೆಗಲ ಮ್ಯಾಲೆ ಕೈ ಇಟ್ಟು, “ಇರಲಿ ಬಿಡು ಬೇಟಿ,” ಅಂದ್ರು. ವೈನಿ ಚಪ್ಪಲ ಹಾಕ್ಕೊಂಡು ಮುಂದ ನಡದ್ಲು. ಸಿಟ್ಟು ನನಗ ರಾತ್ರಿ ಮಕ್ಕೊಂಡ್ರೂ ಇಳೀಲಿಲ್ಲ.

ಮರುದಿನಾ ನಸಕಿನ್ಯಾಗ ಗಿರಣಿ ಚಾಲೂ ಆತು. ಒಳಗ ಉಳದಿದ್ದ ಚೀಲ ಎಲ್ಲಾ ಕುಟ್ಟಿ ಮುಗಿಸಿದ್ಲು. ದವಾಖಾನಿ ಬಾಗಲಾ ತಗದದ್ದು ಕೇಳಿಸಿದ ಕೂಡಲೆ ಖಾರದ ಮಷೀನು ಬಂದ್ ಮಾಡಿ ಕೈ ತೊಳಕೊಂಡ್ಲು. ನಾ ಬಸ್ಸಿಗೆ ಹೋಗೂದಿತ್ತು. ಚೀಲ ಹೆಗಲಿಗೆ ಹಾಕ್ಕೊಂಡು ಕಟ್ಟಿ ಮ್ಯಾಲೆ ನಿಂತಿದ್ನಿ.

ಹೊತ್ತೇರಿದ ಮ್ಯಾಲೆ ಮರೋಳದ ಇಬ್ರು ಹೆಣಮಕ್ಕಳು ಮೆಣಸಿನಕಾಯಿ ಚೀಲ ತಲಿ ಮ್ಯಾಲೆ ಹೊತಗೊಂಡು, ಬೆವರು ಸುರಿಸ್ಕೋತ ಬಂದ್ರು. ಭಾಳ ವರ್ಷದ ಗಿರಾಕಿ. ವೈನಿ ಎದ್ದು ಹೋಗಿ ಚೀಲ ಇಳಿಸಿದ್ಲು, ನೀರು ಕೊಟ್ಲು. “ಖಾರಾ ಈಗ ನಸಕಿನ್ಯಾಗಷ್ಟ ಕುಟ್ಟೂದವ್ವ. ಚೀಲಾ ಇಟ್ಟು ಹೋಗ್ರಿ, ನಾಳೆ ತಗೊಂಡು ಹೋಗ್ರಿ. ಇಲ್ಲಾ ಇಳಕಲ್ಲಿಗೆ ಹೋಗ್ತೇವಿ ಅಂದ್ರ ನಾ ಬ್ಯಾಡ ಅನ್ನೂದಿಲ್ಲ,” ಅಂದ್ಲು.

ದೊಡ್ಡಾಕಿಗೆ ಸಿಟ್ಟು ಬಂತು. “ಪಂಚಾಯ್ತಿಯವರು ಬಂದ್ ಮಾಡಿಸಿದ್ರೇನ ಮತ್ತ? ಯಾರವಾ ಅಂವ, ನಿನಗ ಹಿಂಗ ಮಾಡು ಅಂದಾಂವ?”

ವೈನಿ ಖಾರದ ಮಷೀನಿನ ಮ್ಯಾಲೆ ಗೋಣಿತಾಟು ಹೊಚ್ಚಿ, ಹಿಟ್ಟಿನ ಮಷೀನಿನ ಬಟನ್ ಒತ್ತಿದ್ಲು. ಆ ಸಪ್ಪಳದಾಗೂ ನನಗ ಕೇಳಿಸೂವಂಗ ಹೇಳಿದ್ಲು.

“ಅವರು ಯಾರೂ ಅಂದಿಲ್ಲ. ನನ್ನ ಕೇಳಿದ್ರು, ನಾನ ಅಂದೀನಿ.”